ಎರಡನ್ನೂ ಹತ್ತಿರ ಹಿಡಿಯಿರಿ

ಖಲ್ಫಾನ್ ಸಾಹೇಬರು ಹಬ್ಬದ ದಿಶ್‌ದಾಶಕ್ಕೆ ಅಳತೆ ಕೊಡಲು ಬಂದವರು
ಕೌಂಟರಿನ ಮೇಲೆ ಗಡಿಯಾರ ಬಿಚ್ಚಿಟ್ಟು
"ಇದು ಇನ್ನು ನಿನ್ನದು, ವಾಮನ" ಎಂದರು.
ಮಗಳು ಅವರಿಗೆ ಹೊಸದು ಕೊಡಿಸಿದ್ದಾಳಂತೆ.

ಮತ್ರಾದ ಈ ಓಣಿಯಲ್ಲಿ ಇಪ್ಪತ್ತೆರಡು ವರ್ಷ
ನಾನು ಕಟ್ಟಿದ್ದು ಒಂದೇ ವಾಚು, ಕೀಲಿ ಕೊಡುವಂಥದ್ದು.
ಅದಕ್ಕೆ ನನ್ನ ಹೊರತು ಯಾರ ಪರಿಚಯವೂ ಬೇಕಿರಲಿಲ್ಲ.
ಇದಕ್ಕೆ ಫೋನಿನ ಜೊತೆಯಿಲ್ಲದೆ ಬಾಯಿಲ್ಲ,
ಸುಮ್ಮನೆ ಒಂದು ಕರೀ ಗುಂಡಿ,
ಯಾವ ಕಾಜಕ್ಕೂ ಹೊಂದದಷ್ಟು ದೊಡ್ಡದು.

ಅಂಗಡಿ ಮುಚ್ಚಿದ ಮಧ್ಯಾಹ್ನ, ಎ.ಸಿ. ಕೆಳಗಿನ ಬಕೆಟ್ಟಿಗೆ ತೊಟ್ಟು ತೊಟ್ಟು,
ಕಾಜಾ ಹಾಕುವ ಹುಡುಗ ರುಬೆಲ್ ನನ್ನ ಫೋನಿನಲ್ಲಿ ಬ್ಲೂಟೂತ್ ತೆರೆದ.
ಗೋಡೆಯಾಚೆಯವರೆಲ್ಲ ಸಾಲಾಗಿ ಎದ್ದು ನಿಂತರು:
ಅತ್ತರಿನಂಗಡಿಯ ಸ್ಪೀಕರು,
ಯಾರದೋ ಕಾರು,
'ಬಿಂದು ಸಿಸ್ಟರ್ ಇಯರ್‌ಬಡ್ಸ್'.
ಮೇಲಿನ ಮಹಡಿಯಲ್ಲಿ ಅಂಥವರೊಬ್ಬರಿದ್ದಾರೆಂದೇ ನನಗೆ ಗೊತ್ತಿರಲಿಲ್ಲ.
ನಮ್ಮ ಗಡಿಯಾರ ಮಾತ್ರ ಇಲ್ಲ.
ಅದು ಆಗಲೇ ಬೇರೊಂದು ಫೋನಿನದು,
ಅಲ್ಲಿಂದ ಬಿಡಿಸಬೇಕು, ಎಂದ ರುಬೆಲ್,
ಹಳೆ ಹೊಲಿಗೆ ಬಿಚ್ಚದೆ ಹೊಸದು ಕೂರುತ್ತದೆಯೇ ಎಂಬಂತೆ.

ಒಂಬತ್ತು ದಿನ ಡ್ರಾಯರಿನಲ್ಲಿ ಬಾಬಿನ್‌ಗಳ ನಡುವೆ ಮಲಗಿತ್ತು.
ಸಾಹೇಬರು ಟ್ರಯಲ್‌ಗೆ ಬಂದರು. ಕತ್ತಿನ ಕುಚ್ಚು
ಉದ್ದವಾಯಿತೆಂದು ಮುಖ ಸಿಂಡರಿಸುತ್ತಲೇ ಫೋನು ತೆಗೆದರು.
ಅದು ಅರಬಿಯಲ್ಲಿ ಕೇಳಿದ್ದನ್ನು ರುಬೆಲ್ ಓದಿ ಹೇಳಿದ:
ಈ ಸಾಧನವನ್ನು ಮರೆಯಬೇಕೆ?
ನಾನು ಅವರ ಮುಖ ನೋಡಿದೆ.
ಮೂರು ವರ್ಷ ಅವರ ನಾಡಿ ಹಿಡಿದು ಕೂತಿದ್ದ ವಸ್ತು.
ಅವರು ನೋಡುತ್ತಿದ್ದದ್ದು ಕನ್ನಡಿಯಲ್ಲಿ, ಕುಚ್ಚನ್ನು.
ಹೆಬ್ಬೆರಳು ಮರೆಯಿತು.

ಗಡಿಯಾರ ಒಮ್ಮೆ ಕಣ್ಣು ಮುಚ್ಚಿ
ಯಾರವನೂ ಅಲ್ಲದವನಂತೆ ಎದ್ದಿತು.
ಎರಡನ್ನೂ ಹತ್ತಿರ ಹಿಡಿಯಿರಿ, ಎಂದಿತು ನನ್ನ ಫೋನು.
ಹಿಡಿದೆ. ಇಷ್ಟು ಸಾಕೇ?
ಅಲ್ಲೊಂದು ಸಂಖ್ಯೆ, ಇಲ್ಲೊಂದು ಸಂಖ್ಯೆ,
ನಾಲ್ಕು ಸೊನ್ನೆ ಏಳು, ಒಂದು ಒಂದು ಒಂಬತ್ತು,
ಎರಡೂ ಒಂದೇ ತಾನೇ ಎಂದು ಎರಡಕ್ಕೂ ಅನುಮಾನ;
ನಡುವೆ ನನ್ನನ್ನು ಕೂರಿಸಿ ಕೇಳುತ್ತವೆ.
ಹೌದು ಎಂದೆ.
ಸಾಕ್ಷಿ ಹೇಳುವುದು ಇಷ್ಟು ಸುಲಭವೆಂದು ತಿಳಿದಿರಲಿಲ್ಲ.

ಆಮೇಲೆ ಅದು ನನ್ನ ಎತ್ತರ ಕೇಳಿತು.

ನಗು ಬಂತು. ಎಷ್ಟು ಎದೆ, ಎಷ್ಟು ಹೆಗಲು,
ಈ ಪೇಟೆಯ ಹೊಟ್ಟೆಗಳು ಯಾವ ವರ್ಷ ಎಷ್ಟು ಮುಂದೆ ಬಂದವು
ಎಲ್ಲ ನನ್ನ ಕೆಂಪು ಪುಸ್ತಕದಲ್ಲಿದೆ.
ನನ್ನದಿಲ್ಲ.
ನನ್ನ ಅಂಗಿ ನಾನು ಕತ್ತರಿಸುವುದು ಹಳೆಯದನ್ನು ಹರವಿಟ್ಟುಕೊಂಡು.

ಗೋಡೆಗೆ ಬೆನ್ನು ಹಚ್ಚಿ ನಿಂತೆ. ರುಬೆಲ್ ಸ್ಟೂಲು ಹತ್ತಿದ,
ನನ್ನದೇ ಟೇಪು, ನನ್ನದೇ ಸೀಮೆಸುಣ್ಣ.
"ಬಿಗಿ ಹಿಡೀಬೇಡಿ ಉಸ್ತಾದ್, ಉಸಿರು ಬಿಡಿ" ಎಂದ,
ಗಿರಾಕಿಗಳಿಗೆ ನಾನು ಹೇಳುವ ಅದೇ ಧಾಟಿಯಲ್ಲಿ.
ನೂರಾ ಅರವತ್ತೊಂದು.
ಇನ್ನೆರಡು ಹೆಚ್ಚಿರಬಹುದೆಂದುಕೊಂಡಿದ್ದೆ.

ಇವತ್ತು ಸಂಜೆ ಹದಿನಾಲ್ಕನೆಯ ತೋಳು ಕೂಡಿಸುವಾಗ
ಮಣಿಕಟ್ಟು ಗುಂಯ್ಯೆಂದಿತು. ಪುಟ್ಟ ಪರದೆಯಲ್ಲಿ ಪಟಾಕಿ:
ಹತ್ತು ಸಾವಿರ ಹೆಜ್ಜೆ!
ಮೂರೇ ಹೆಜ್ಜೆಗೆ ಹೆಸರಾದವನ ಹೆಸರು ನನ್ನದು;
ಬೆಳಗ್ಗಿನಿಂದ ಕುರ್ಚಿ ಬಿಟ್ಟು ಎದ್ದದ್ದೂ ಮೂರು ಸಲ.
ಬಟ್ಟೆ ದೂಡುವ ಕೈಯನ್ನು ಕಾಲೆಂದುಕೊಂಡಿದೆ ಪಾಪ.
ಬೈಯಲು ಮನಸ್ಸಾಗಲಿಲ್ಲ.
ಪೂರ್ತಿ ಸುಳ್ಳೂ ಅಲ್ಲ ಅದು.

ಶಟರ್ ಎಳೆದು ಕಾರ್ನಿಶಿಗೆ ಹೋದೆ,
ಮೀನು ಮಾರ್ಕೆಟ್ಟಿನಿಂದ ರಿಯಾಮಿನ ದೊಡ್ಡ ಧೂಪದಾನಿ ಕಾಣುವವರೆಗೆ,
ಎರಡೂ ಕೈ ಬೆನ್ನ ಹಿಂದೆ ಕಟ್ಟಿಕೊಂಡು. ನನ್ನ ನಡಿಗೆಯೇ ಹಾಗೆ.
ಕಂಬಿಯ ಮೇಲೆ ಕಡಲಹಕ್ಕಿ, ಬಂದರಿನಲ್ಲಿ ಯಾರದೋ ಬಿಳಿ ಹಡಗು,
ಬೆವರಿಗೆ ಅಂಗಿ ಅಂಟಿತ್ತು.
ವಾಪಸು ಬಂದು ನೋಡಿದರೆ
ಒಂದು ಹೆಜ್ಜೆಯೂ ಏರಿಲ್ಲ.
ಅದರ ಲೆಕ್ಕದಲ್ಲಿ ನಾನಿನ್ನೂ ಕೂತೇ ಇದ್ದೇನೆ;
ಎದ್ದು ಸ್ವಲ್ಪ ಓಡಾಡಿ, ಎನ್ನುತ್ತಿದೆ.

ಆಯಿತಪ್ಪ ಎಂದೆ.
ಮತ್ತೆ ಕೈ ಹಿಂದಕ್ಕೆ ಕಟ್ಟಿಕೊಂಡೆ.