ಏಣಿ

ಅಕ್ಟೋಬರ್ ಮುಗಿಯುವ ಮುಂಚೆ ಸೇಬಿನ ಕಾಂಡಗಳಿಗೆಲ್ಲ
ಅಂಟಿನ ಪಟ್ಟಿ ಸುತ್ತಬೇಕು.
ಹಾರ್ಡಂಗರ್ ಕಡಲತೋಳಿನ ಈ ಓರೆ ತೋಟದಲ್ಲಿ
ಅದು ಗುನ್ವೋರಳ ಕೆಲಸ.
ಮುನ್ನೂರ ಹನ್ನೆರಡು ಮರ. ಬೆರಳಿಗೆ ಬೆರಳು ಅಂಟಿ
ಟೋಪಿ ತೆಗೆಯಲೂ ಗಂಡನನ್ನು ಕರೆಯಬೇಕು.

ಇಬ್ಬನಿ ಗಡ್ಡೆಗಟ್ಟಿದ ಮೇಲೆ,
ಉಳಿದ ಹುಳಹುಪ್ಪಟೆ ಸತ್ತೋ ಮಲಗಿಯೋ ಇರುವಾಗ
ಈ ಪತಂಗ ಮಣ್ಣಿನಿಂದೇಳುತ್ತದೆ.
ಗಂಡು ಬೂದಿ ರೆಕ್ಕೆ ಬಡಿದು ಟಾರ್ಚಿಗೆ ತೇಲಿ ಬರುತ್ತದೆ.
ಹೆಣ್ಣಿಗೆ ರೆಕ್ಕೆಯ ಜಾಗದಲ್ಲಿ ನಾಲ್ಕು ಚಿಂದಿ.
ತುಂಬಿದ ಹೊಟ್ಟೆ ಹೊತ್ತು
ನಡೆದೇ ಏರುತ್ತದೆ.

ಪಟ್ಟಿಗೆ ಸಿಕ್ಕವು ಸಿಕ್ಕವು.
ಹದಿನೇಳನೆಯ ಮರಕ್ಕೆ ಮಾತ್ರ
ಯಾರೋ ಏಣಿ ಒರಗಿಸಿ ಮರೆತಿದ್ದರು.
ಯಾರೋ ಏನು, ಅವಳೇ.

ಏಪ್ರಿಲ್. ಮೊಗ್ಗು ಬಿರಿಯುವ ವಾರವೇ ಮೊಟ್ಟೆಯೂ ಒಡೆಯಿತು,
ಯಾರು ಹೇಳಿ ಕಳಿಸಿದರೋ.
ಹಸಿರು ಗೇಣುಹುಳು
ಹಿಂಗಾಲನ್ನು ಮುಂಗಾಲಿನ ಪಕ್ಕ ತಂದಿಟ್ಟು,
ಬೆನ್ನು ಕಮಾನು ಮಾಡಿ, ಚಾಚಿ,
ಕೊಂಬೆಯ ಮೋಜಣಿಗೆ ತೊಡಗಿತು.
ಅಳೆದಷ್ಟನ್ನೂ ತಿಂದಿತು.
ಗಡಿ ಅಳೆಯಲು ಬಂದ ಸರ್ಕಾರದವರೂ ಹೀಗೇ,
ಎಂದ ಟೋರ್ಗೈರ್.

ಮೇ ಕೊನೆಗೆ ಆ ಮರ ಬರೀ ಜರಡಿ.
ಅವನು ಔಷಧಿ ಡಬ್ಬಿ ಬೆನ್ನಿಗೇರಿಸಿದ.
ಬೇಡ, ಎಂದಳು.
ಕಲ್ಲುಗೋಡೆಯ ಸಂದಿಯಲ್ಲಿ ನೀಲಿನೆತ್ತಿಯ ಹಕ್ಕಿ,
ಗೂಡಲ್ಲಿ ಹನ್ನೊಂದು ಬಾಯಿ;
ಬೆಳಗಿನಿಂದ ಅದರ ಓಡಾಟವೂ
ಅದೇ ಮರಕ್ಕೆ.

ಜೂನಿನಲ್ಲಿ ಉಳಿದ ಹುಳುಗಳು ನೂಲು ಹಿಡಿದಿಳಿದು
ಮಣ್ಣು ಸೇರಿದವು.
ಆಮೇಲೆ ಅವಳು ಏಣಿ ತೆಗೆದಳು.
ಒರಗಿದ್ದ ಕಡೆ ತೊಗಟೆಯಲ್ಲಿ ಎರಡು ಗೀರು.
ಹೆಬ್ಬೆರಳೂರಿ, ಕೈ ಚಾಚಿ
ನಡುವಿನ ಅಂತರ ಅಳೆದಳು:
ಒಂದು ಗೇಣು, ಮೇಲೆ ಮೂರು ಬೆರಳು.