ಹೂಳೆತ್ತುವವನ ಲೆಕ್ಕ

ನಮ್ಮ ನದಿಗೆ ಲೆಕ್ಕ ಕೊನೆಯಿಂದ ಶುರು.
ಸುಲೀನದ ಹಳೆಯ ದೀಪಸ್ತಂಭದ ಬಳಿ ಸೊನ್ನೆ;
ಅಲ್ಲಿಂದ ಮೈಲಿಗಲ್ಲುಗಳು ಒಂದೊಂದಾಗಿ
ಡಾನ್ಯೂಬಿನ ಹುಟ್ಟಿನ ಕಡೆಗೆ ಹಿಮ್ಮುಖ ನಡೆಯುತ್ತವೆ.
ಫೆವ್ರೋನಿಯಾ ಅನ್ನುತ್ತಿದ್ದಳು:
ಕಾಲವನ್ನೂ ಹೀಗೇ ಅಳೆಯಬೇಕಿತ್ತು, ಅಳಿವೆಯಿಂದ.
ಹುಟ್ಟಿನಿಂದ ಅಳೆದು ಕೆಟ್ಟೆವು.

ಔಷಧಿ ಅಂಗಡಿಯವನ ಮಗಳು. ಬುಖಾರೆಸ್ಟಿನಲ್ಲಿ ಓದಿ,
ಅಲ್ಲಿಯ ಪಂಡಿತರೊಡನೆ ಜಗಳ ಕಾದು,
ಎರಡು ಪೆಟ್ಟಿಗೆ ಕಾಗದ ಹೊತ್ತು ಹಿಂದಿರುಗಿದವಳು.
ಊರು ಅವಳನ್ನು ಹುಚ್ಚಿ ಎನ್ನಲಿಲ್ಲ.
ನಮ್ಮಲ್ಲಿ ಹುಚ್ಚಿ ಅನಿಸಿಕೊಳ್ಳಲು
ಮೀನು ಹಿಡಿಯಲು ಬರದಿರಬೇಕು. ಅವಳಿಗೆ ಬರುತ್ತಿತ್ತು.

ನನ್ನದು ಹೂಳೆತ್ತುವ ಹಡಗು. ಮೂವತ್ತೊಂದು ವರ್ಷ.
ಹಗಲು ಎತ್ತಿದ್ದನ್ನು ರಾತ್ರಿ ನದಿ ತಂದು ತುಂಬುತ್ತದೆ;
ಸಂಬಳ ಬರುವುದು ಅದಕ್ಕೇ.
ಒಂದು ಸಂಜೆ ಡೆಕ್ಕಿನ ಮೇಲೆ ಬಕೆಟ್ಟು ಬೋರಲು ಹಾಕಿ ಕೂತು
ಮೀನಿನ ಸಾರು ಕದಡುತ್ತ ಹೇಳಿದಳು:

"ಕಾಲ ಮರವಲ್ಲ ಎಲಿಸೆಯ್.
ಕೊಂಬೆ ಒಮ್ಮೆ ಬೇರೆಯಾದರೆ ಮತ್ತೆ ಕೂಡುವುದಿಲ್ಲ.
ಕಾಲವೆಂದರೆ ಕಾಲುವೆ. ಕ್ಷಣಕ್ಕೊಂದು ಕವಲು.
ಎಡ ಬೂಟು ಮೊದಲು ಮೆಟ್ಟಿದ ನೀನು ಈ ಕವಲಲ್ಲಿ,
ಬಲ ಬೂಟು ಮೊದಲು ಮೆಟ್ಟಿದ ನೀನು ಆ ಕವಲಲ್ಲಿ,
ನಡುವೆ ಒಂದು ಜೊಂಡಿನ ನಡುಗಡ್ಡೆ, ಅಷ್ಟೇ.
ಹದಿನೇಳು ನಿಮಿಷದಲ್ಲಿ ಒಂದರ ಬಾಯಿಗೆ ಹೂಳು ತುಂಬಿ
ನೀರೆಲ್ಲ ಮತ್ತೆ ಒಂದು.
ಉಪ್ಪು ಹಾಕಿದೆನೋ ಇಲ್ಲವೋ ಅಂತ
ಚಮಚ ಹಿಡಿದು ನಿಂತುಬಿಡುತ್ತೇವಲ್ಲ,
ಅದು ಮರೆವಲ್ಲ. ಎರಡು ನೀರು ಕೂಡುವ ಸುಳಿ."

ರುಚಿ ನೋಡಿದೆ. ಉಪ್ಪು ಎರಡು ಸಲ ಬಿದ್ದಿತ್ತು.

ಮುಚ್ಚದ ಕವಲೂ ಇರುತ್ತದಾ?
ಸುಮ್ಮನೆ ಕೇಳಿದವನ ಹಾಗೆ ಕೇಳಿದೆ.
ಮುಳ್ಳು ಉಗಿದು ಅಂದಳು:
"ಇರುತ್ತದೆ. ಯಾರಾದರೂ ಹೂಳೆತ್ತುತ್ತಿದ್ದರೆ."

ಫೆಬ್ರವರಿಯ ಆ ರಾತ್ರಿಯ ಪಾಳಿ ನನ್ನದು.
ದವಡೆ ಹಲ್ಲು ಸಿಡಿಯುತ್ತಿತ್ತು. ಲವಂಗದೆಣ್ಣೆಗೆಂದು ಊರೊಳಗೆ ಹೋದೆ;
ನನ್ನ ಬದಲು ಟೆರೆಂಟಿ ನಿಂತ.
ಒಡೆದ ಹಿಮ ಚಿಕ್ಕ ದೋಣಿಯನ್ನು ಮಡಚಿ ಒಯ್ದಿತು.
ಏಪ್ರಿಲಿನಲ್ಲಿ ಜೊಂಡಿನ ನಡುವೆ ಅವನ ಟೋಪಿ.
ಹಲ್ಲು? ಮುಂದಿನ ವಾರ ಕೀಳಿಸಿದೆ.

ನಾವು ಹಳೆ ನಂಬಿಕೆಯವರು. ನಮ್ಮ ಇಗರ್ಜಿಯ ಪಂಚಾಂಗ
ಊರಿನದಕ್ಕಿಂತ ಹದಿಮೂರು ದಿನ ಹಿಂದೆ.
ಹಾಗಾಗಿ ಟೆರೆಂಟಿಗೆ ಸತ್ತ ದಿನ ಎರಡು.
ಮೊದಲ ದಿನ ನಾನು ಕುಡಿಯುತ್ತೇನೆ;
ಆಮೇಲೆ ಹದಿಮೂರು ದಿನ ಅವನಿನ್ನೂ ಬದುಕಿದ್ದಾನೆ,
ಬದುಕಿರುವವನಿಗೆ ಏನು ಹೇಳಲಿ ಎಂದು ತಿಳಿಯುವುದಿಲ್ಲ.
ಹೆಂಡತಿ ಅಕುಲೀನ ಮತ್ತೆ ಮದುವೆಯಾದಳು, ತುಲ್ಚಾದಲ್ಲಿ,
ಮಗನಿಗೆ ಬೇರೆ ಹೆಸರಿಟ್ಟಳು.
ಅವಳ ಕಡೆಯ ಬಾಯಿ ಎಂದೋ ಮುಚ್ಚಿತು.
ಈ ಕಡೆ ನಾನೊಬ್ಬನೇ,
ದಿನವೂ ಆ ಪಾಳಿ, ಆ ಹಲ್ಲು, ಆ ಬೀದಿ ಮೊಗೆಯುತ್ತೇನೆ.

ಇದಿಷ್ಟನ್ನೂ ಹೇಳಿದೆ ಅವಳಿಗೆ.
ಬಹಳ ಹೊತ್ತು ತಟ್ಟೆ ತೊಳೆದಳು, ತೊಳೆದ ತಟ್ಟೆಯನ್ನೇ.

"ಅಂಗಡಿಯಲ್ಲಿ ಅವತ್ತು ಕೂತಿದ್ದವಳು ನಾನು.
ಹದಿನೈದು ವರ್ಷ ನನಗೆ. ಸೀಸೆ ಎದುರಿಗೇ ಇತ್ತು,
ಕಾಣದೆ ಕಪಾಟೆಲ್ಲ ಹುಡುಕಿಸಿದೆ ನಿನ್ನನ್ನು ನಿಲ್ಲಿಸಿಕೊಂಡು.
ಹದಿನೆಂಟು ನಿಮಿಷ."

ಆಮೇಲೆ ನಾವು ಆ ಮಾತು ಆಡಲಿಲ್ಲ.

ಅವಳ ಪೆಟ್ಟಿಗೆಗಳು ಈಗ ನನ್ನ ಮಂಚದ ಕೆಳಗೆ.
ಸಮೀಕರಣದ ತುಂಬ ಟಿ, ಟಿ, ಟಿ.
ಓದಿದ ಪಂಡಿತರೆಲ್ಲ ಅದನ್ನು ಕಾಲ ಅಂದುಕೊಂಡರು.

ನಿನ್ನೆ ಕಚೇರಿಯಿಂದ ಒಬ್ಬ ಹುಡುಗ ಬಂದಿದ್ದ, ನಕಾಶೆ ಹಿಡಿದು.
ಪಕ್ಕದ ಹಳೆ ಕವಲಿನಲ್ಲಿ ಯಾರೂ ಹೋಗುವುದಿಲ್ಲವಲ್ಲ,
ಡೀಸೆಲ್ ದಂಡ, ಬಿಟ್ಟುಬಿಡೋಣವೇ ಅಂದ.
ಸರಿ ನೋಡೋಣ ಅಂದೆ.
ರಾತ್ರಿ ಯಂತ್ರ ಹೂಡಿ ಅಲ್ಲಿಗೇ ಹೋದೆ.
ಸರಪಳಿ ಕೆಸರು ತಂದಿತು, ಕಪ್ಪೆಚಿಪ್ಪು, ಯಾರದೋ ಒಂಟಿ ಬೂಟು.
ಎಡಗಾಲಿನದು.

ಬೆಳಗಿನ ಜಾವ ದಿನಚರಿಯಲ್ಲಿ ಬರೆದೆ:
ಆಳ ನಾಲ್ಕು ಮೀಟರು. ಗಾಳಿ ಈಶಾನ್ಯ.
ಚಿಕ್ಕ ದೋಣಿ ಬರಬಹುದು.