ಒಂದೂವರೆ ಮೊಳ

ಏಳುನೂರು ಮಿಲಿಮೀಟರು, ಅನ್ನುತ್ತದೆ ಕಾರ್ಖಾನೆಯ ಹಳೇ ಪುಸ್ತಕ.
ನನ್ನಜ್ಜಿ ತುಮಿರಾ ಅಳೆದದ್ದು ಬೇರೆ:
ಮೊಳಕೈ ಊರಿ ಒಮ್ಮೆ, ಮತ್ತೆ ಅರ್ಧ.
ಇಷ್ಟೇ ಸಾಕಾಯಿತಪ್ಪ, ಅಂದಳು,
ಜಾವಾದ ಸಿಹಿಯೆಲ್ಲ ಹೊರಟುಹೋಗಲು.

ಮೊದಲು ಬಂದದ್ದು ರೈಲಲ್ಲ, ಸರಪಳಿ.
ಡಚ್ಚರ ಮೋಜಣಿದಾರ ಅದನ್ನು ಗದ್ದೆಯ ಕೆಸರಲ್ಲಿ ಎಳೆದು
ಬಿಳಿ ಗೂಟ ಹೊಡೆದ.
ಊರ ಮುಖ್ಯಸ್ಥ ಹೆಬ್ಬೆಟ್ಟು ಒತ್ತಿದ, ಎಲ್ಲರ ಪರವಾಗಿ.
ಭತ್ತದ ನೀರು ಬಸಿದು ಕಬ್ಬು ನಿಂತಿತು,
ಕಬ್ಬಿನ ಹಿಂದೆ ಹಳಿ,
ಹಳಿಯ ಮೇಲೆ ಆರನೇ ನಂಬರಿನ ಕಿರು ಇಂಜಿನ್ನು:
ಎಮ್ಮೆಗಿಂತ ಸ್ವಲ್ಪ ಎತ್ತರ,
ಎಮ್ಮೆಗಿಂತ ಬಹಳ ಹಸಿವು.
ಅದು ತಿನ್ನುತ್ತಿದ್ದದ್ದೂ ಕಬ್ಬೇ, ರಸ ಹಿಂಡಿದ ಸಿಪ್ಪೆ,
ಒಣಗಿಸಿ ಕಟ್ಟಿದ ಪಿಂಡಿ.
ಅಣ್ಣನನ್ನು ಸುಟ್ಟು ತಮ್ಮನನ್ನು ಹೊರುವ ಗಾಡಿ
ಎಂದು ಬೆಂಕಿಗೆ ಪಿಂಡಿ ಎಸೆಯುತ್ತಾ ನಗುತ್ತಿದ್ದ ವಾಗಿಯೋ.

ತಿರುವಿನಲ್ಲಿ ಗಾಡಿ ಏದುಸಿರು ಬಿಡುವಾಗ
ಹುಡುಗಿಯರು ಓಡಿ ಜಲ್ಲೆ ಸೆಳೆಯುತ್ತಿದ್ದರು.
ಕಾವಲಿನವನ ಬೆತ್ತ ಬಿದ್ದ ತುಮಿರಾಳ ಕಿರುಬೆರಳು
ಕೊನೆತನಕ ಸೊಟ್ಟಗೇ ಇತ್ತು.
ಆಮೇಲೆ ಯಾಕೋ ಆ ತಿರುವಿನಲ್ಲಿ
ಆರನೇ ನಂಬರು ಇನ್ನೂ ನಿಧಾನವಾಯಿತು.
ಹಬೆ ಸಾಲದು, ಎಂದು ವರದಿ. ಪುಸ್ತಕದಲ್ಲಿದೆ.

ಹಂಗಾಮಿನ ಮೊದಲ ದಿನ ಕಬ್ಬಿಗೆ ಮದುವೆ.
ಎರಡು ಉದ್ದನೆ ಜಲ್ಲೆಗೆ ಬಾತಿಕ್ ಉಡಿಸಿ, ಮಲ್ಲಿಗೆ ಮುಡಿಸಿ,
ಗಂಡಿಗೊಂದು ಹೆಣ್ಣಿಗೊಂದು ಹೆಸರಿಟ್ಟು
ಗಾಮೆಲಾನ್ ಬಾರಿಸುತ್ತಾ ಕರೆದೊಯ್ದು
ಸೀದಾ ಗಾಣದ ಬಾಯಿಗೆ.
ಅದೇ ವಾರ ಇವರದ್ದೂ ಆಯಿತು.

ಜಪಾನಿನವರು ಬಂದ ಎರಡನೇ ವರ್ಷ
ಹಳಿ ಕಿತ್ತರು.
ಹಾಸಿದ ಮನೆಯವರೇ ಕೀಳಬೇಕು, ಹಡಗಿಗೆ ಹೇರಬೇಕು.
ಹೇರಿದವರನ್ನೂ ಹೇರಿಕೊಂಡರು.
ಹೋದ ಹಳಿಗೆ ಲೆಕ್ಕವಿದೆ:
ಒಂಬತ್ತು ಮೈಲಿ, ಮೂರು ಕವಲು, ಒಂದು ಸೇತುವೆ.
ವಾಗಿಯೋ ಲೆಕ್ಕದಲ್ಲಿಲ್ಲ.
ಅಜ್ಜಿಯ ಹೊಟ್ಟೆಯಲ್ಲಿ ಆಗ ನನ್ನಮ್ಮ, ಆರು ತಿಂಗಳು.

ಬಾವುಟ ಬದಲಾಯಿತು, ಬೇರೆ ಹಳಿ ಬಂತು,
ಇಂಜಿನ್ನಿಗೆ ಹಸಿರು ಬಣ್ಣ ಬಂತು,
ತಿರುವು ಮಾತ್ರ ಅಲ್ಲೇ.
ಸಂಜೆ ಅಜ್ಜಿ ಅಲ್ಲಿ ಕೂರುತ್ತಿದ್ದಳು, ಕಬ್ಬು ಸೆಳೆಯುತ್ತಿರಲಿಲ್ಲ.
ಯಾವ ಡ್ರೈವರೂ ಅಲ್ಲಿ ನಿಧಾನ ಮಾಡಲಿಲ್ಲ.

ಕೊನೆಗೆ ಲಾರಿಗಳು.
ನಾನು ಸುಂಬರ್‌ಮಾನಿಸ್ ಕಾರ್ಖಾನೆಯ ಗೇಟಿನಲ್ಲಿ
ಅವುಗಳ ತೂಕ ಬರೆಯುವವನು.
ತುಂಬಿದ್ದರಿಂದ ಖಾಲಿಯನ್ನು ಕಳೆಯುವುದು,
ಅಷ್ಟೇ ನನ್ನ ಗಣಿತ.
ಹಳಿಯ ತುಂಡೊಂದು ಈಗ ನಮ್ಮ ಕೋಳಿಗೂಡಿನ ತೊಲೆ.

ಅಜ್ಜಿ ಹೋದ ದಿನ ಮಳೆಯಿರಲಿಲ್ಲ, ನೆಲ ಗಟ್ಟಿ.
ಗುಂಡಿ ತೋಡುವ ಕಸ್ಮಿನ್ ಉದ್ದ ತಾನೇ ಅಂದಾಜು ಮಾಡಿ
ಅಗಲ ಎಷ್ಟು, ಎಂದ.
ನಾನು ಮಣ್ಣಲ್ಲಿ ಮೊಳಕೈ ಊರಿದೆ.